ಮೊದಲು ಕುರ್ಚಿ ಬರೆಯಿರಿ, ಆಮೇಲೆ ಡಾಲೆಕ್

ಸೆಟ್ಟಿನಲ್ಲಿ ಓಡಾಡುವ ವಸ್ತುವೊಂದು ಬೇಕೆಂದರೆ ಆರ್ಟ್ ವಿಭಾಗದ ಹೊಸಬರು ಹೊರಗಿನ ಆಕಾರವನ್ನೇ ಮೊದಲು ಗೀಚುತ್ತಾರೆ. ಬಿಬಿಸಿಯ ವಿನ್ಯಾಸಕ ರೇಮಂಡ್ ಕ್ಯೂಸಿಕ್ 1963ರಲ್ಲಿ ‘ಡಾಕ್ಟರ್ ಹೂ’ ಟಿವಿ ಧಾರಾವಾಹಿಗೆ ಡಾಲೆಕ್ ಎಂಬ ಲೋಹದ ಕವಚದ ಖಳಜೀವಿಯನ್ನು ರೂಪಿಸಿದಾಗ ಹಾಗೆ ಮಾಡಲಿಲ್ಲ. ಬರಹಗಾರ ಟೆರಿ ನೇಷನ್ ಕೇಳಿದ್ದು ಕಾಲೇ ಕಾಣದಂತೆ ಜಾರಿಕೊಂಡು ಹೋಗುವ ಜೀವಿ. ಕ್ಯೂಸಿಕ್ ಕುರ್ಚಿಯಲ್ಲಿ ಕೂತ ಮನುಷ್ಯನನ್ನು ಬರೆದು, ಅವನ ಸುತ್ತ ಗೆರೆ ಎಳೆದರು.

ಅಳತೆ ಹುಟ್ಟುವುದೇ ಅಲ್ಲಿಂದ. ಕೂರುವ ಹಲಗೆ ನೆಲದಿಂದ 45 ಸೆಂ.ಮೀ. ಇದ್ದರೆ ಕೂತವನ ಕಣ್ಣು ಸುಮಾರು 120 ಸೆಂ.ಮೀ. ಎತ್ತರಕ್ಕೆ ಬರುತ್ತದೆ. ನೋಡುವ ಕಿಂಡಿ ಅಲ್ಲೇ ಇರಬೇಕು. ಡಾಲೆಕ್‌ನ ಉದ್ದನೆಯ ಕಣ್ಣಿನ ಕೋಲು ಬರೀ ತೋರಿಕೆ. ಒಳಗಿದ್ದವನು ನೋಡುತ್ತಿದ್ದುದು ಕತ್ತಿನ ಬಳೆಗಳ ಹಿಂದಿನ ಬಲೆಯಿಂದ. ಧ್ವನಿ ಕೊಡುವವರು ಬೇರೆ. ನೆತ್ತಿಯ ದೀಪವನ್ನು ಆ ಮಾತಿಗೆ ತಕ್ಕಂತೆ ಮಿನುಗಿಸುವುದು ಒಳಗಿದ್ದವನದೇ ಕೆಲಸ, ಹಾಗಾಗಿ ತಾನು ಆಡದ ಸಂಭಾಷಣೆಯೂ ಅವನಿಗೆ ಬಾಯಿಪಾಠ ಆಗಿರಬೇಕು.

ಎಡವುವುದು ಹೆಚ್ಚಾಗಿ ಚಕ್ರದಲ್ಲಿ. ಕ್ಯಾಸ್ಟರ್, ಅಂದರೆ ಟ್ರಾಲಿಯ ಕೆಳಗಿರುವಂಥ ತಿರುಗುವ ಚಕ್ರ, ಎದುರು ದಿಕ್ಕಿಗೆ ಹೊರಳುವಾಗ ತನ್ನ ಮೊಳೆಯ ಸುತ್ತ ಅರ್ಧ ಸುತ್ತು ಹಾಕುತ್ತದೆ. ಆ ಕ್ಷಣ ಇಡೀ ಮೈ ಪಕ್ಕಕ್ಕೆ ವಾಲುತ್ತದೆ, ಜಾರುವ ಭ್ರಮೆ ಅಲ್ಲಿಗೆ ಮುಗಿಯಿತು. ಆದ್ದರಿಂದ ಶಾಟ್‌ಗೆ ಮೊದಲು ಹೋಗಬೇಕಾದ ದಿಕ್ಕಿಗೆ ಒಂದಡಿ ತಳ್ಳಿ, ಚಕ್ರ ನೇರವಾದ ಮೇಲೆಯೇ ಗುರುತಿನ ಮೇಲೆ ನಿಲ್ಲಿಸಿ. ಬುಡದ ಅಂಚಿಗೂ ನೆಲಕ್ಕೂ ನಡುವೆ 15 ಮಿ.ಮೀ. ಸಾಕು. ಹೆಚ್ಚಾದರೆ ಒಳಗಿದ್ದವನ ಪಾದ ಕಾಣುತ್ತದೆ, ಕಡಿಮೆಯಾದರೆ ಕ್ಯಾಮೆರಾ ಕೇಬಲ್ಲಿಗೆ ಸಿಕ್ಕಿಕೊಳ್ಳುತ್ತದೆ. ಈ ಲೆಕ್ಕ ನುಣುಪು ಸ್ಟುಡಿಯೊ ನೆಲಕ್ಕೆ ಮಾತ್ರ. 1964ರಲ್ಲಿ ಲಂಡನ್ ಬೀದಿಯಲ್ಲಿ ಚಿತ್ರೀಕರಣವಿದ್ದಾಗ ಡಾಲೆಕ್‌ಗಳಿಗೆ ಗಾಳಿ ತುಂಬಿದ ಟಯರಿನ ಚಕ್ರ ಹಾಕಿ, ಅವನ್ನು ಮುಚ್ಚಲು ಬುಡವನ್ನೇ ದಪ್ಪ ಮಾಡಬೇಕಾಯಿತು. ಲೊಕೇಶನ್ ಎಲ್ಲಿ ಅಂತ ಕೇಳದೆ ಬುಡದ ಡ್ರಾಯಿಂಗಿಗೆ ಕೈ ಹಚ್ಚಬೇಡಿ.

(ಕ್ಯೂಸಿಕ್ ಸಂಬಳದ ನೌಕರ. ಬೊಂಬೆ, ಆಟಿಕೆಗಳ ಭರಾಟೆಯಲ್ಲಿ ಅವರ ಕೈಗೆ ಬಂದದ್ದು ನೂರು ಪೌಂಡಿನ ಆಸುಪಾಸಿನ ಒಂದು ಇನಾಮು. ಕರಾರಿಗೆ ಸಹಿ ಹಾಕುವ ಮುನ್ನ ವಿನ್ಯಾಸದ ಹಕ್ಕು ಯಾರದು ಅಂತ ಓದಿಕೊಳ್ಳಿ.)

ಡಾಲೆಕ್‌ಗಳು ಬಂದ ಮೊದಲ ಕಥೆಗೆ ಕಟ್ಟಿದ್ದು ನಾಲ್ಕನ್ನೇ. ಗುಂಪು ತೋರಿಸಲು ಆಳೆತ್ತರದ ಫೋಟೋ ಕತ್ತರಿಸಿ ಹಿಂದೆ ನಿಲ್ಲಿಸಿದರು. ಇವತ್ತಿಗೂ ನಡೆಯುವ ಉಪಾಯ ಇದು. ಕಟೌಟು ಲೆನ್ಸಿಗೆ ನೇರ ಮುಖ ಮಾಡಿರಲಿ, ಕ್ಯಾಮೆರಾ ಪಕ್ಕಕ್ಕೆ ಸರಿಯುವ ಶಾಟ್‌ನಲ್ಲಿ ಬೇಡವೇ ಬೇಡ. ಪಕ್ಕದಿಂದ ಬೆಳಕು ಬಿದ್ದರೂ ಗುಟ್ಟು ರಟ್ಟು: ಫೋಟೋದಲ್ಲಿರುವ ನೆರಳು ಒಂದು ಕಡೆ, ಸೆಟ್ಟಿನ ನೆರಳು ಇನ್ನೊಂದು ಕಡೆ.