ವಂಶವೃಕ್ಷದಲ್ಲಿ ನೋಡಬೇಕಾದದ್ದು ಕವಲನ್ನು

“ಮಂಗನಿಂದ ಮಾನವ ಆದ ಅಂತೀರಲ್ಲ, ಹಾಗಾದರೆ ಮಂಗಗಳು ಇನ್ನೂ ಯಾಕೆ ಹಾಗೇ ಇವೆ?” ವಿಕಾಸದ ಮಾತು ಬಂದಲ್ಲೆಲ್ಲ ಈ ಪ್ರಶ್ನೆ ಬಂದೇ ಬರುತ್ತದೆ. ಕೇಳಿದವರನ್ನು ದೂರಿ ಫಲವಿಲ್ಲ. ಬೆನ್ನು ಬಾಗಿಸಿದ ವಾನರನಿಂದ ಶುರುವಾಗಿ ನೆಟ್ಟಗೆ ನಡೆಯುವ ಮನುಷ್ಯನಲ್ಲಿ ಮುಗಿಯುವ ಆ ಸಾಲುಚಿತ್ರ ಪಠ್ಯಪುಸ್ತಕದಿಂದ ಹಿಡಿದು ಟೀ ಶರ್ಟಿನವರೆಗೆ ಎಲ್ಲ ಕಡೆ ಇದೆ. ಅದು ವಿಕಾಸವನ್ನು ಏಣಿ ಮಾಡಿಬಿಟ್ಟಿದೆ. ಡಾರ್ವಿನ್ 1837ರಲ್ಲಿ ತನ್ನ ಟಿಪ್ಪಣಿ ಪುಸ್ತಕದಲ್ಲಿ ಗೀಚಿದ್ದು ಕವಲೊಡೆದ ಮರವನ್ನು. 1859ರ ಅವನ ಗ್ರಂಥದಲ್ಲಿದ್ದ ಏಕೈಕ ಚಿತ್ರವೂ ಅಂಥದ್ದೇ. ಆ ಮರವನ್ನು ಓದಲು ಬಂದರೆ ಮೇಲಿನ ಪ್ರಶ್ನೆ ತಾನಾಗಿ ಕರಗುತ್ತದೆ.

ಒಂದು ಹಾಳೆಯ ಮೇಲೆ ಈ ಸಾಲು ಬರೆದುಕೊಳ್ಳಿ:

((((ಮಾನವ,(ಚಿಂಪಾಂಜಿ,ಬೊನೊಬೊ)),ಗೊರಿಲ್ಲಾ),ಒರಾಂಗುಟಾನ್),ಗಿಬ್ಬನ್);

ಇದು ನ್ಯೂವಿಕ್ ಶೈಲಿ. ಮರ ಕಟ್ಟುವ ಹೆಚ್ಚಿನ ತಂತ್ರಾಂಶಗಳು ಮರವನ್ನು ಹೀಗೇ ಕಡತದಲ್ಲಿ ಉಳಿಸುತ್ತವೆ. ಒಂದು ಜೋಡಿ ಆವರಣ ಅಂದರೆ ಒಂದು ಕವಲು. ಒಳಗಿರುವ ಹೆಸರುಗಳೆಲ್ಲ ಆ ಕವಲಿನಲ್ಲಿ ಬದುಕಿದ್ದ ಪೂರ್ವಜರ ಸಂತತಿ. ಐದು ಜೋಡಿ ಆವರಣ, ಐದು ಕವಲು. ಒಳಗಿನಿಂದ ಹೊರಕ್ಕೆ ಬಂದರೆ: ಚಿಂಪಾಂಜಿ ಮತ್ತು ಬೊನೊಬೊ ಬೇರೆಯಾಗಿ 10ರಿಂದ 20 ಲಕ್ಷ ವರ್ಷ, ಆ ಜೋಡಿಯಿಂದ ನಮ್ಮ ಕೊಂಬೆ ಬೇರೆಯಾಗಿ ಸುಮಾರು 60ರಿಂದ 70 ಲಕ್ಷ, ಗೊರಿಲ್ಲಾ 80 ಲಕ್ಷದಿಂದ 1 ಕೋಟಿ, ಒರಾಂಗುಟಾನ್ 1.2ರಿಂದ 1.6 ಕೋಟಿ, ಗಿಬ್ಬನ್ 2 ಕೋಟಿಯ ಆಸುಪಾಸು.

ಈಗ ಒಂದು ಪ್ರಶ್ನೆ. ಗೊರಿಲ್ಲಾಗೆ ಹೆಚ್ಚು ಹತ್ತಿರದ ಸಂಬಂಧಿ ಚಿಂಪಾಂಜಿಯೋ, ಮನುಷ್ಯನೋ? ಮೈಮೇಲಿನ ರೋಮ ನೋಡಿ ಚಿಂಪಾಂಜಿ ಎನ್ನುವವರೇ ಜಾಸ್ತಿ. ಗೊರಿಲ್ಲಾದ ತುದಿಯಿಂದ ಬೆರಳಿಟ್ಟು ಹಿಂದಕ್ಕೆ ಬನ್ನಿ. ಚಿಂಪಾಂಜಿಯನ್ನು ಮುಟ್ಟಲು ಯಾವ ಕವಲಿಗೆ ಬರಬೇಕೋ, ಮನುಷ್ಯನನ್ನು ಮುಟ್ಟಲೂ ಅದೇ ಕವಲಿಗೆ ಬರಬೇಕು. ಹಾಗಾಗಿ ಇಬ್ಬರೂ ಅಷ್ಟೇ ಹತ್ತಿರ. ಚಿಂಪಾಂಜಿಯನ್ನು ಕೇಳಿದರೆ, ಅದಕ್ಕೆ ಗೊರಿಲ್ಲಾಗಿಂತ ನಾವೇ ಹತ್ತಿರದವರು. ಸಂಬಂಧ ಅಳೆಯುವುದು ಹೀಗೆ ಮಾತ್ರ: ಇಬ್ಬರ ಸಮಾನ ಪೂರ್ವಜ ಎಷ್ಟು ಹಿಂದಿನವನು ಎಂಬುದರಿಂದ. ತುದಿಗಳು ಪಕ್ಕಪಕ್ಕ ಇವೆಯೋ ಇಲ್ಲವೋ ಎಂಬುದಕ್ಕೆ ಇಲ್ಲಿ ಕೆಲಸವಿಲ್ಲ.

ಏಕೆಂದರೆ ಯಾವ ಕವಲನ್ನು ಬೇಕಾದರೂ ತಿರುಗಿಸಬಹುದು. (ಗಿಬ್ಬನ್,(ಒರಾಂಗುಟಾನ್,(((ಬೊನೊಬೊ,ಚಿಂಪಾಂಜಿ),ಮಾನವ),ಗೊರಿಲ್ಲಾ))); ಎಂದು ಬರೆದರೂ ಅದೇ ಮರ. ಈಗ ಮನುಷ್ಯ ಗೊರಿಲ್ಲಾದ ಪಕ್ಕದಲ್ಲಿ, ಪಟ್ಟಿಯ ನಡುವೆ ಎಲ್ಲೋ ಇದ್ದಾನೆ. ಅವನನ್ನು ಯಾವಾಗಲೂ ತುತ್ತತುದಿಯಲ್ಲಿ ಕೂರಿಸುವುದು ಚಿತ್ರ ಬರೆಯುವವರ ರೂಢಿ, ದತ್ತಾಂಶ ಹೇಳಿದ್ದಲ್ಲ.

ಚಿಂಪಾಂಜಿ ನಮ್ಮ ಅಜ್ಜ ಅಲ್ಲ, ದಾಯಾದಿ. ಕವಲಿನಲ್ಲಿದ್ದದ್ದು ಇಂದಿನ ಚಿಂಪಾಂಜಿಯೂ ಅಲ್ಲದ, ಮನುಷ್ಯನೂ ಅಲ್ಲದ, ಈಗ ಇಲ್ಲದ ಒಂದು ವಾನರ ಗುಂಪು. ಅದು ಎರಡಾದ ಮೇಲೆ ಎರಡೂ ಕಡೆ ಅಷ್ಟೇ ವರ್ಷ ಕಳೆದಿದೆ, ಎರಡೂ ಕಡೆ ಬದಲಾವಣೆ ನಡೆದಿದೆ. “ಕೆಳಮಟ್ಟದ ಪ್ರಾಣಿ” ಎಂಬ ಮಾತಿಗೆ ಈ ಮರದಲ್ಲಿ ಜಾಗವೇ ಇಲ್ಲ.

ಪಳೆಯುಳಿಕೆಗಳಿಗೂ ಇದೇ ನ್ಯಾಯ. 1974ರಲ್ಲಿ ಇಥಿಯೋಪಿಯಾದ ಹಡಾರ್‌ನಲ್ಲಿ ಸಿಕ್ಕ ಲೂಸಿ ಎಂಬ ಪ್ರಾಚೀನ ಅಸ್ಥಿಪಂಜರದ ವಯಸ್ಸು ಸುಮಾರು 32 ಲಕ್ಷ ವರ್ಷ. ಒಳ್ಳೆಯ ಮರದಲ್ಲಿ ಅವಳನ್ನು ಒಂದು ಗಿಡ್ಡ ಕೊಂಬೆಯ ತುದಿಯಲ್ಲಿ ಇಡುತ್ತಾರೆ, ಕವಲಿನ ಮೇಲಲ್ಲ. ಅವಳ ಪ್ರಭೇದ ನಮ್ಮ ನೇರ ಪೂರ್ವಜ ಇದ್ದಿರಬಹುದು. ಆದರೆ ಮೂಳೆ ತೋರಿಸುವುದು ಸಂಬಂಧವನ್ನು; ಇಂಥವಳಿಗೆ ಇಂಥವರು ಹುಟ್ಟಿದರು ಎಂಬುದನ್ನಲ್ಲ.

ಮರ ಕೈಗೆ ಸಿಕ್ಕ ಕೂಡಲೇ ಹುಡುಕಬೇಕಾದದ್ದು ಅಳತೆಪಟ್ಟಿ. ಅದು ಇಲ್ಲದಿದ್ದರೆ ಕೊಂಬೆಯ ಉದ್ದಕ್ಕೆ ಅರ್ಥವಿಲ್ಲ, ಕವಲುಗಳ ಕ್ರಮಕ್ಕೆ ಮಾತ್ರ ಅರ್ಥ. 0.02 ಎಂದು ಇದ್ದರೆ ಅಷ್ಟು ಉದ್ದಕ್ಕೆ ಡಿಎನ್ಎಯ ಪ್ರತಿ 100 ಸ್ಥಾನಗಳಲ್ಲಿ ಸರಾಸರಿ 2 ಅಕ್ಷರ ಬದಲಾಗಿವೆ ಎಂದರ್ಥ. ವರ್ಷಗಳ ಅಕ್ಷವಿದ್ದರೆ ಯಾರೋ ಒಂದು ಗಡಿಯಾರವನ್ನು, ಅಂದರೆ ಡಿಎನ್ಎ ಬದಲಾಗುವ ದರವನ್ನು ಊಹಿಸಿದ್ದಾರೆ, ಆ ಗಡಿಯಾರ ಯಾವುದೆಂದು ಕೇಳಬೇಕು. ಪಳೆಯುಳಿಕೆಗಳಿಂದ ಲೆಕ್ಕ ಹಾಕಿದ್ದ ಹಳೆಯ ದರಕ್ಕೂ ತಂದೆ, ತಾಯಿ, ಮಗುವಿನ ಜೀನೋಮ್ (ಇಡೀ ಡಿಎನ್ಎ) ಓದಿ ನೇರವಾಗಿ ಅಳೆದ ದರಕ್ಕೂ ಸುಮಾರು ಎರಡು ಪಟ್ಟು ವ್ಯತ್ಯಾಸ ಬಂದಿತ್ತು. ಮೇಲಿನ ವರ್ಷಗಳೆಲ್ಲ “ಇಷ್ಟರಿಂದ ಇಷ್ಟು” ಎಂದಿರುವುದಕ್ಕೆ ಇದೂ ಒಂದು ಕಾರಣ.

ಓದುವುದಕ್ಕಿಂತ ಒಂದು ಮರ ಕಟ್ಟಿ ನೋಡಿದರೆ ಬೇಗ ತಿಳಿಯುತ್ತದೆ. ಜೆನ್‌ಬ್ಯಾಂಕ್‌ನಿಂದ (ಎಲ್ಲರಿಗೂ ತೆರೆದಿರುವ ಡಿಎನ್ಎ ಸಂಗ್ರಹ) ಈ ಆರು ಪ್ರಾಣಿಗಳ ಸೈಟೊಕ್ರೋಮ್ ಬಿ ಜೀನ್ ಇಳಿಸಿಕೊಳ್ಳಿ. ಕೋಶದ ಶಕ್ತಿಕೇಂದ್ರವಾದ ಮೈಟೊಕಾಂಡ್ರಿಯದ ಈ ಜೀನ್ ಸುಮಾರು 1,140 ಅಕ್ಷರ ಉದ್ದ. ಔಟ್‌ಗ್ರೂಪ್ ಆಗಿ, ಅಂದರೆ ಬೇರು ಎಲ್ಲೆಂದು ತಿಳಿಸುವ ಹೊರಗಿನ ಸಂಬಂಧಿಯಾಗಿ, ರೀಸಸ್ ಕೋತಿಯದ್ದೊಂದು ಸೇರಿಸಿ. ಇಲಿಯನ್ನು ಹಾಕಬೇಡಿ. ಅಷ್ಟು ದೂರದ ಪ್ರಾಣಿಯ ಕೊಂಬೆ ಬಹಳ ಉದ್ದವಾಗಿರುತ್ತದೆ, ಉದ್ದ ಕೊಂಬೆಗಳು ಕಾಕತಾಳೀಯ ಹೋಲಿಕೆಗಳಿಂದ ಒಂದನ್ನೊಂದು ಎಳೆದುಕೊಳ್ಳುತ್ತವೆ, ಬೇರು ತಪ್ಪು ಜಾಗದಲ್ಲಿ ಬಂದು ಕೂರುತ್ತದೆ. ಮಾಫ್ಟ್‌ನಲ್ಲಿ ಅನುಕ್ರಮಗಳನ್ನು (ಡಿಎನ್ಎ ಅಕ್ಷರಗಳ ಸಾಲುಗಳನ್ನು) ಒಂದರ ಕೆಳಗೊಂದು ಜೋಡಿಸಿ, ಮರ ಕಟ್ಟುವ ತಂತ್ರಾಂಶ ಐಕ್ಯೂ-ಟ್ರೀಗೆ ಕೊಡಿ, ಅಲ್ಟ್ರಾಫಾಸ್ಟ್ ಬೂಟ್‌ಸ್ಟ್ರಾಪ್ 1,000 ಇಡಿ (ಅದೇನೆಂದು ಮುಂದೆ ಹೇಳುತ್ತೇನೆ). ಏಳು ಅನುಕ್ರಮಗಳಿಗೆ ನಿಮಿಷವೂ ಬೇಡ.

ಎಡವುವುದು ಹೆಚ್ಚಾಗಿ ಜೋಡಣೆಯಲ್ಲಿ, ಮರ ಕಟ್ಟುವಲ್ಲಲ್ಲ. ಒಂದು ಅನುಕ್ರಮ ತಲೆಕೆಳಗಾಗಿ, ಅಂದರೆ ಎದುರು ಎಳೆಯದ್ದು ಬಂದಿದ್ದರೆ ಅದರ ಕೊಂಬೆ ಉಳಿದವುಗಳ ಹತ್ತಾರು ಪಟ್ಟು ಉದ್ದವಾಗಿ ಚಾಚಿಕೊಳ್ಳುತ್ತದೆ; ಅಂಥ ಕೊಂಬೆ ಕಂಡರೆ ಮೊದಲ ಅನುಮಾನ ಇದರ ಮೇಲಿರಲಿ. ಜೋಡಣೆಯನ್ನು ಪ್ರೋಟೀನಿಗೆ ಅನುವಾದಿಸಿ ನೋಡುವುದು ಒಳ್ಳೆಯದು, ಆದರೆ ಕಶೇರುಕಗಳ ಮೈಟೊಕಾಂಡ್ರಿಯ ಸಂಕೇತಪಟ್ಟಿಯನ್ನೇ ಆರಿಸಬೇಕು. ಅಲ್ಲಿ ಟಿಜಿಎ ಎಂದರೆ ಟ್ರಿಪ್ಟೊಫಾನ್; ಸಾಮಾನ್ಯ ಪಟ್ಟಿ ಬಳಸಿದರೆ ಅದೇ “ನಿಲ್ಲು” ಎಂದಾಗಿ ಜೀನ್ ಮುರಿದಂತೆ ಕಾಣುತ್ತದೆ. ಸರಿಯಾದ ಪಟ್ಟಿಯಲ್ಲೂ ನಡುವೆ ನಿಲುಗಡೆ ಬಂದರೆ ನಿಮ್ಮ ಕೈಯಲ್ಲಿರುವುದು ಮೈಟೊಕಾಂಡ್ರಿಯದ ಜೀನ್ ಅಲ್ಲದಿರಬಹುದು, ಹಿಂದೆಂದೋ ಕೋಶಕೇಂದ್ರದೊಳಗೆ ಸೇರಿಕೊಂಡು ನಿರುಪಯುಕ್ತವಾದ ನಕಲಿರಬಹುದು.

ಇನ್ನೊಂದು ಮೋಸ ಬೇರಿನದು. ಐಕ್ಯೂ-ಟ್ರೀ ಕೊಡುವುದು ಬೇರಿಲ್ಲದ ಮರ. ಬೇರೆ ಹೇಳದಿದ್ದರೆ ಕಡತದ ಮೊದಲ ಅನುಕ್ರಮವನ್ನೇ ಔಟ್‌ಗ್ರೂಪ್ ಎಂಬಂತೆ ಬರೆದಿಡುತ್ತದೆ. ಮನುಷ್ಯನದು ಮೊದಲಿದ್ದರೆ ಮನುಷ್ಯನೇ ಎಲ್ಲರಿಂದ ಹೊರಗೆ! ಫಿಗ್‌ಟ್ರೀಯಲ್ಲಿ (ಮರ ತೋರಿಸುವ ತಂತ್ರಾಂಶ) ತೆರೆದು ಕೋತಿಯ ಕೊಂಬೆಯ ಮೇಲೆ ಬೇರನ್ನು ಕೂರಿಸಿದ ಮೇಲೆಯೇ ಓದಲು ತೊಡಗಿ.

ಕವಲುಗಳ ಮೇಲಿನ ಸಂಖ್ಯೆ “ಇದು ಸತ್ಯವಾಗಿರುವ ಸಾಧ್ಯತೆ” ಅಲ್ಲ. ಫೆಲ್ಸೆನ್‌ಸ್ಟೈನ್ 1985ರಲ್ಲಿ ತಂದ ಬೂಟ್‌ಸ್ಟ್ರಾಪ್ ವಿಧಾನದಲ್ಲಿ ಜೋಡಣೆಯ ಕಂಬಸಾಲುಗಳನ್ನು ಚೀಟಿ ಎತ್ತಿದಂತೆ ಮತ್ತೆ ಮತ್ತೆ ಆರಿಸಿ, ಪ್ರತಿ ಸಲ ಮರ ಕಟ್ಟಿ, ಆ ಕವಲು ಎಷ್ಟು ಸಲ ಬಂತೆಂದು ಎಣಿಸುತ್ತಾರೆ. ಹಳೆಯ ಬೂಟ್‌ಸ್ಟ್ರಾಪ್‌ನಲ್ಲಿ 70 ದಾಟಿದರೆ ಪರವಾಗಿಲ್ಲ ಎನ್ನುವುದು ವಾಡಿಕೆ, ಅಲ್ಟ್ರಾಫಾಸ್ಟ್‌ನಲ್ಲಿ 95 ದಾಟಬೇಕು. ತಪ್ಪು ದತ್ತಾಂಶದಲ್ಲೇ ಇದ್ದರೆ ತಪ್ಪು ಕವಲಿಗೂ 100 ಬರುತ್ತದೆ.

ಇಷ್ಟೆಲ್ಲ ಸರಿ ಹೋದರೂ ನಿಮಗೆ ಸಿಕ್ಕಿರುವುದು ಒಂದು ಜೀನಿನ ಮರ, ಪ್ರಭೇದಗಳ ಮರವಲ್ಲ. ಹೆಚ್ಚಿನ ಬರಹಗಳು ಹಾರಿಸಿಬಿಡುವ ವಿಷಯ ಇದು. 2012ರಲ್ಲಿ ಗೊರಿಲ್ಲಾ ಜೀನೋಮ್ ಪ್ರಕಟವಾದಾಗ, ಅದರ ಸುಮಾರು 30% ಭಾಗದಲ್ಲಿ ಮಾನವ ಮತ್ತು ಚಿಂಪಾಂಜಿ ಪರಸ್ಪರ ಅತಿ ಹತ್ತಿರದವರಲ್ಲ ಎಂದು ಕಂಡಿತು: ಸುಮಾರು ಅರ್ಧ ಕಡೆ ಗೊರಿಲ್ಲಾ ನಮಗೆ ಹತ್ತಿರ, ಇನ್ನರ್ಧ ಕಡೆ ಚಿಂಪಾಂಜಿಗೆ ಹತ್ತಿರ. ಮರ ತಪ್ಪೇ? ಅಲ್ಲ. ಗೊರಿಲ್ಲಾ ಬೇರೆಯಾದದ್ದಕ್ಕೂ ನಾವು ಮತ್ತು ಚಿಂಪಾಂಜಿ ಬೇರೆಯಾದದ್ದಕ್ಕೂ ನಡುವಿನ ಅವಧಿ ಚಿಕ್ಕದು, ಆಗಿನ ಪೂರ್ವಜರ ಸಂಖ್ಯೆ ದೊಡ್ಡದು. ಒಂದು ಜೀನಿನ ಎರಡು ಹಳೆಯ ರೂಪಗಳು ಯಾವುದೂ ಅಳಿಯದೆ ಎರಡನೇ ಕವಲಿನವರೆಗೂ ಉಳಿದು ಬಂದವು. ಅಲ್ಲಿಂದ ಯಾರಿಗೆ ಯಾವ ರೂಪ ಉಳಿಯಿತೆಂಬುದು ಅದೃಷ್ಟದ ಆಟ. ಎರಡೂ ಬಗೆ ಹೆಚ್ಚುಕಡಿಮೆ ಸಮ ಇರುವುದೇ ಅದೃಷ್ಟದ ಗುರುತು. ಒಂದು ಬಗೆ ಎದ್ದು ಕಾಣುವಷ್ಟು ಹೆಚ್ಚಾದರೆ ಬೇರೆ ಕಾರಣ ಹುಡುಕಬೇಕು, ಸಾಮಾನ್ಯವಾಗಿ ಕವಲೊಡೆದ ಮೇಲೂ ನಡೆದ ಬೆರಕೆಯನ್ನು.

ಅಳಿದುಹೋದ ಮಾನವ ಬಗೆಯಾದ ನಿಯಾಂಡರ್ತಾಲ್ ವಿಷಯದಲ್ಲಿ ಬಳಸಿದ ತರ್ಕ ಇದೇ. ಪ್ರಾಚೀನ ಡಿಎನ್ಎ ಓದುವ ವಿಜ್ಞಾನಿ ಸ್ವಾಂತೆ ಪ್ಯಾಬೊ ಅವರ ತಂಡ 2010ರಲ್ಲಿ ಚಿಂಪಾಂಜಿಯನ್ನು ಔಟ್‌ಗ್ರೂಪ್ ಆಗಿಟ್ಟು ಎಣಿಸಿ ನೋಡಿತು. ನಿಯಾಂಡರ್ತಾಲ್ ಎಲ್ಲ ಮನುಷ್ಯರಿಗೂ ಒಂದೇ ದೂರದಲ್ಲಿದ್ದರೆ ಅದರ ಹೊಸ (ಚಿಂಪಾಂಜಿಯಲ್ಲಿಲ್ಲದ) ಅಕ್ಷರಗಳು ಆಫ್ರಿಕನ್ನರಲ್ಲೂ ಆಫ್ರಿಕದಾಚೆಯವರಲ್ಲೂ ಸಮನಾಗಿ ಸಿಗಬೇಕಿತ್ತು. ಆಫ್ರಿಕದಾಚೆಯವರಲ್ಲಿ ಹೆಚ್ಚು ಸಿಕ್ಕವು. ಅವರ ಜೀನೋಮಿನ 1ರಿಂದ 2% ನಿಯಾಂಡರ್ತಾಲ್‌ನಿಂದ ಬಂದದ್ದೆಂದು ಈಗಿನ ಲೆಕ್ಕ.

ಮೈಟೊಕಾಂಡ್ರಿಯವೊಂದನ್ನೇ ನೆಚ್ಚಿದರೆ ಏನಾಗುತ್ತದೆ ಎಂಬುದಕ್ಕೆ ಡೆನಿಸೋವನ್ನರು ಎಂಬ ಅಳಿದುಹೋದ ಮಾನವ ಗುಂಪಿಗಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ. ಸೈಬೀರಿಯಾದ ಗುಹೆಯ ಬೆರಳ ಮೂಳೆಯಿಂದ 2010ರಲ್ಲಿ ಮೊದಲು ಸಿಕ್ಕ ಮೈಟೊಕಾಂಡ್ರಿಯ ಡಿಎನ್ಎ, ಈ ಜನ ನಮ್ಮಿಂದಲೂ ನಿಯಾಂಡರ್ತಾಲ್‌ನಿಂದಲೂ ಹೊರಗಿನವರು ಎಂದಿತು. ಅದೇ ವರ್ಷ ಕೋಶಕೇಂದ್ರದ ಡಿಎನ್ಎ ಬಂದಾಗ ಅವರು ನಿಯಾಂಡರ್ತಾಲ್‌ಗೇ ಹತ್ತಿರದವರೆಂದಾಯಿತು. ಸ್ಪೇನಿನ ಅಟಪುಎರ್ಕಾದ ಸುಮಾರು 4.3 ಲಕ್ಷ ವರ್ಷ ಹಳೆಯ ಮೂಳೆಗಳಲ್ಲೂ ಇದೇ ವಿರೋಧ: ಮೈಟೊಕಾಂಡ್ರಿಯ ಡೆನಿಸೋವನ್ನರ ಬಗೆಯದು, ಕೋಶಕೇಂದ್ರ ನಿಯಾಂಡರ್ತಾಲ್‌ನದು. ಎರಡನ್ನೂ ಹೊಂದಿಸುವ ವಿವರಣೆ ಹೀಗಿದೆ: ನಿಯಾಂಡರ್ತಾಲರ ಹಳೆಯ ಮೈಟೊಕಾಂಡ್ರಿಯ ಡೆನಿಸೋವನ್ನರ ಬಗೆಯದೇ ಆಗಿತ್ತು, ಆಮೇಲೆ ನಮ್ಮ ಕಡೆಯ ಯಾವುದೋ ಪ್ರಾಚೀನ ಗುಂಪಿನೊಂದಿಗೆ ಬೆರೆತಾಗ ಅದರ ಜಾಗಕ್ಕೆ ಹೊಸದು ಬಂತು. ಅವರ ವೈ ಕ್ರೋಮೋಸೋಮಿಗೂ ಹೀಗೇ ಆಗಿರುವುದು 2020ರಲ್ಲಿ ಗೊತ್ತಾಯಿತು.

ಮರ ಕಟ್ಟುವ ತಂತ್ರಾಂಶಕ್ಕೆ ಬೆರಕೆ ಗೊತ್ತಿಲ್ಲ. ಏನು ಕೊಟ್ಟರೂ ಒಂದು ಮರ ಕೊಡುತ್ತದೆ, ಹಾಗಾಗಿ ಯಾವ ತುಂಡಿನ ಮರ ಎಂದು ನೆನಪಿಟ್ಟುಕೊಳ್ಳುವ ಹೊಣೆ ನಮ್ಮದು. 3ನೇ ಕ್ರೋಮೋಸೋಮಿನಲ್ಲಿ ಸುಮಾರು 50,000 ಅಕ್ಷರಗಳ ಒಂದು ತುಂಡಿದೆ. ಕೋವಿಡ್ ಉಲ್ಬಣಿಸುವ ಅಪಾಯ ಹೆಚ್ಚಿಸುತ್ತದೆಂದು 2020ರಲ್ಲಿ ಸುದ್ದಿಯಾದದ್ದು ಅದೇ. ಇಡೀ ಜೀನೋಮಿನ ಮರದಲ್ಲಿ ಇಂದಿನ ಮನುಷ್ಯರೆಲ್ಲ ಒಂದು ಕಡೆ, ನಿಯಾಂಡರ್ತಾಲ್ ಇನ್ನೊಂದು ಕಡೆ. ಈ ತುಂಡಿನದ್ದಷ್ಟೇ ಮರ ಕಟ್ಟಿದರೆ, ಅದನ್ನು ಹೊತ್ತವರು, ಅಂದರೆ ದಕ್ಷಿಣ ಏಷ್ಯಾದ ಸುಮಾರು ಅರ್ಧದಷ್ಟು ಮತ್ತು ಯುರೋಪಿನ ಸುಮಾರು 16% ಜನ, ಕ್ರೊಯೇಷಿಯಾದ ವಿಂಡಿಯಾ ಗುಹೆಯ ನಿಯಾಂಡರ್ತಾಲ್ ಹೆಂಗಸಿನ ಜತೆ ಒಂದೇ ಆವರಣದೊಳಗೆ ಬರುತ್ತಾರೆ. ಅದಿಲ್ಲದವರೆಲ್ಲ ಆ ಆವರಣದ ಹೊರಗೆ.