ಅಥೆನ್ಸ್‌ನವರ ಹುಬ್ಬು ಇಳಿಸಿದ ಮೇಲೆ

ನಾನು ಅನಿಮೇಷನ್ ಪಾಠಗಳಿಗೆ ಸ್ಕ್ರಿಪ್ಟ್, ಸ್ಟೋರಿಬೋರ್ಡ್ ಮಾಡುತ್ತೇನೆ. ಒಮ್ಮೆ ಡಿಗ್ರಿ ಓದುವವರಿಗೆ ಅಂತರರಾಷ್ಟ್ರೀಯ ಸಂಬಂಧಗಳಲ್ಲಿ ಬರುವ ವಾಸ್ತವವಾದವನ್ನು, ಅಂದರೆ ರಾಜ್ಯಗಳು ಶಕ್ತಿ, ಭದ್ರತೆಯ ಲೆಕ್ಕದಲ್ಲೇ ನಡೆಯುತ್ತವೆ ಎನ್ನುವ ವಾದವನ್ನು, ಆರು ನಿಮಿಷದಲ್ಲಿ ಹೇಳುವ ಕೆಲಸ ಬಂತು.

ಮೊದಲು ಹೊಳೆದದ್ದು ಮತ್ಸ್ಯನ್ಯಾಯ. ಮೈಸೂರಿನಲ್ಲಿ ಶಾಮಾಶಾಸ್ತ್ರಿಗಳ ಕೈಗೆ ಸಿಕ್ಕಿ 1909ರಲ್ಲಿ ಅಚ್ಚಾದ ಕೌಟಿಲ್ಯನ ಅರ್ಥಶಾಸ್ತ್ರದಲ್ಲೇ ಆ ಮಾತಿದೆ, ನಮ್ಮ ಮಕ್ಕಳಿಗೆ ಹತ್ತಿರವಾಗುತ್ತದೆ ಅಂದುಕೊಂಡೆ. ದೊಡ್ಡ ಮೀನು ಸಣ್ಣ ಮೀನನ್ನು ನುಂಗುವ ದೃಶ್ಯ ಚೆನ್ನಾಗಿಯೇ ಬಂತು. ಆದರೆ ಮೀನು ನುಂಗುವುದು ಹಸಿವಿಗೆ ಅಲ್ವಾ? ರಾಜ್ಯಗಳು ಎಷ್ಟೋ ಸಲ ಭಯಕ್ಕೆ ನುಂಗುತ್ತವೆ, ನಾಳೆ ಯಾರಾದರೂ ತಮ್ಮ ಮೇಲೆ ಬಿದ್ದರೆ ದೂರು ಹೇಳಲು ಮೇಲೊಬ್ಬರಿಲ್ಲ ಎನ್ನುವ ಭಯಕ್ಕೆ. ಅದನ್ನು ಮೀನಿನ ಮುಖದಲ್ಲಿ ತರಲಾಗಲಿಲ್ಲ.

ಹಾಗೆ ಪ್ರಾಚೀನ ಗ್ರೀಸ್‌ನ ಮೆಲೋಸ್ ದ್ವೀಪದ ಕಥೆಗೆ ಬಂದೆವು. ಕ್ರಿ.ಪೂ. 416ರಲ್ಲಿ, ಸ್ಪಾರ್ಟಾದ ಎದುರಾಳಿಯಾಗಿದ್ದ ನಗರರಾಜ್ಯ ಅಥೆನ್ಸ್ 38 ಹಡಗುಗಳೊಂದಿಗೆ ಆ ಪುಟ್ಟ ದ್ವೀಪಕ್ಕೆ ಹೋಗಿ ಶರಣಾಗಿ ಅನ್ನುತ್ತದೆ. ನಾವು ಯಾರ ಕಡೆಗೂ ಇಲ್ಲ, ಸ್ನೇಹದಿಂದ ಇರುತ್ತೇವೆ ಅನ್ನುತ್ತಾರೆ ಮೆಲೋಸ್‌ನವರು. ಆ ಕಾಲದ ಗ್ರೀಕ್ ಇತಿಹಾಸಕಾರ ಥುಸಿಡಿಡೀಸ್ ಇದನ್ನು ಸಂಭಾಷಣೆಯಾಗಿಯೇ ಬರೆದಿರುವುದರಿಂದ ಸ್ಕ್ರಿಪ್ಟ್ ಬೇಗ ಮುಗಿಯಿತು.

ತಪ್ಪಾದದ್ದು ಮುಖಗಳಲ್ಲಿ. ಅಥೆನ್ಸ್‌ನ ದೂತರಿಗೆ ಏರಿದ ಹುಬ್ಬು, ಸೊಟ್ಟ ನಗು, ಕೆಂಪು ಮೇಲುವಸ್ತ್ರ ಕೊಟ್ಟಿದ್ದೆ. ಕೆಲವು ವಿದ್ಯಾರ್ಥಿಗಳಿಗೆ ತೋರಿಸಿದರೆ ಎಲ್ಲರದ್ದೂ ಒಂದೇ ಉತ್ತರ: ಅಥೆನ್ಸ್‌ನವರು ಕೆಟ್ಟವರು. ವಾಸ್ತವವಾದದ ದೊಡ್ಡ ವಿದ್ವಾಂಸ ಕೆನೆತ್ ವಾಲ್ಟ್ಜ್ 1979ರಲ್ಲಿ ಹೇಳಿದ್ದು ಇದಕ್ಕೆ ಪೂರ್ತಿ ಉಲ್ಟಾ. ಆಳುವವರ ಗುಣ ನೋಡಿದರೆ ಸಾಲದು, ಅವರು ನಿಂತಿರುವ ಜಾಗ ನೋಡಬೇಕು.

ಎರಡೂ ಕಡೆಯವರಿಗೆ ಒಂದೇ ಥರದ ಮುಖ ಬರೆದೆವು. ನಿಮ್ಮ ಸ್ನೇಹ ಒಪ್ಪಿದರೆ ನಮ್ಮ ಕೈಕೆಳಗಿನವರು ನಮಗೆ ಶಕ್ತಿಯಿಲ್ಲ ಅಂದುಕೊಳ್ಳುತ್ತಾರೆ ಎಂದು ದೂತ ಹೇಳುವಾಗ ಕ್ಯಾಮೆರಾ ಹಿಂದಕ್ಕೆ ಸರಿಯುತ್ತದೆ, ಸುತ್ತಲಿನ ದ್ವೀಪಗಳೆಲ್ಲ ಸುಮ್ನೆ ಇತ್ತಲೇ ನೋಡುತ್ತಿರುತ್ತವೆ. ಎಂಟು ಸೆಕೆಂಡ್, ವಾಯ್ಸ್ ಓವರ್ ಇಲ್ಲ. ನಾನು ಬರೆದ ಎರಡು ನಿಮಿಷದ ವಿವರಣೆಯನ್ನು ಅಲ್ಲೇ ಕಿತ್ತು ಹಾಕಿದೆ.

ಕೊನೆಯ ದೃಶ್ಯದ ಬಗ್ಗೆ ತಂಡದಲ್ಲಿ ಜಾಸ್ತಿ ಚರ್ಚೆಯಾಯಿತು. ಮೆಲೋಸ್‌ನವರು ಶರಣಾಗದೆ ನೆಚ್ಚಿಕೊಂಡಿದ್ದ ಸ್ಪಾರ್ಟಾದ ಸಹಾಯ ಬರಲಿಲ್ಲ. ಅಥೆನ್ಸ್‌ನವರು ಗಂಡಸರನ್ನು ಕೊಂದರು, ಹೆಂಗಸರನ್ನೂ ಮಕ್ಕಳನ್ನೂ ಗುಲಾಮರಾಗಿ ಮಾರಿದರು. ಇದನ್ನು ಬಿಡೋಣ ಅಂದರು ಕೆಲವರು. ನಾನು ಒಪ್ಪಲಿಲ್ಲ. ಹುಬ್ಬನ್ನೂ ಇಳಿಸಿ ಹೆಣವನ್ನೂ ಮುಚ್ಚಿಟ್ಟರೆ ನಾವು ಅಥೆನ್ಸ್‌ನ ವಕೀಲರಾಗಿಬಿಡುತ್ತೇವೆ. ಕ್ರಿ.ಪೂ. 404ರಲ್ಲಿ ಸ್ಪಾರ್ಟಾಕ್ಕೆ ಸೋತಾಗ ಅಥೆನ್ಸ್ ಜನ ತಮಗೂ ಮೆಲೋಸ್ ಗತಿಯೇ ಬರುತ್ತದೆಂದು ನಡುಗಿದರು, ಅದೇ ಮುಖಗಳನ್ನು ಈಗ ಕೋಟೆಯೊಳಗೆ ಬರೆದೆವು.

ಎರಡನೇ ಸಲ ತೋರಿಸಿದಾಗ ಒಬ್ಬ ಹುಡುಗಿ, ಹಾಗಾದರೆ ಮೆಲೋಸ್‌ನವರು ಏನು ಮಾಡಬೇಕಿತ್ತು ಸರ್, ಅಂದಳು. ಶರಣಾಗಬೇಕಿತ್ತು ಅಂತ ಒಬ್ಬ, ಆದರೂ ಉಳಿಯುತ್ತಿದ್ದರು ಅಂತ ಏನು ಖಾತ್ರಿ ಅಂತ ಇನ್ನೊಬ್ಬ. ಊಟದ ಬೆಲ್ ಹೊಡೆದರೂ ಯಾರೂ ಏಳಲಿಲ್ಲ.