ಕೇಂಬ್ರಿಜ್‌ನಲ್ಲಿ ಸಿಕ್ಕ ಮಂಗಳೂರಿನ ಒಂದು ಸಂಸಾರ

ಕೇಂಬ್ರಿಜ್ ವಿಶ್ವವಿದ್ಯಾಲಯದ ಗ್ರಂಥಾಲಯಕ್ಕೆ ಎತ್ತರದ ಇಟ್ಟಿಗೆಯ ಗೋಪುರವೊಂದಿದೆ. ಈ ಊರಿಗೆ ಬಂದ ಹೊಸತರಲ್ಲಿ ನಾನು ಅದನ್ನು ದಾರಿ ತಪ್ಪದಿರಲು ಗುರುತಾಗಿ ಇಟ್ಟುಕೊಂಡಿದ್ದೆನೇ ಹೊರತು, ನಮ್ಮ ಮಂಗಳೂರಿನಲ್ಲಿ ಒಂಬತ್ತು ನೂರು ವರ್ಷಗಳ ಹಿಂದೆ ಬಾಳಿದ ಯಹೂದಿ ವ್ಯಾಪಾರಿಯೊಬ್ಬನ ಕಾಗದಪತ್ರಗಳು ಅಲ್ಲಿವೆಯೆಂದು ತಿಳಿದಿರಲಿಲ್ಲ.

ಅವು ಉಳಿದದ್ದು ಒಂದು ಆಚಾರದಿಂದ. ದೇವರ ಹೆಸರಿರುವ ಬರಹವನ್ನು ಯಹೂದಿಗಳು ಹರಿದು ಎಸೆಯುವುದಿಲ್ಲ. ಸವೆದುಹೋದ ಗ್ರಂಥಗಳನ್ನು ಗೆನಿಜಾ ಎಂಬ ಕೋಣೆಯಲ್ಲಿ ಕೂಡಿಟ್ಟು ಮುಂದೆ ಮಣ್ಣು ಮಾಡುತ್ತಾರೆ. ಹಳೆಯ ಕೈರೋದ ಬೆನ್ ಎಜ್ರಾ ಪ್ರಾರ್ಥನಾಮಂದಿರದಲ್ಲಿ ಮಾತ್ರ ಆ ರಾಶಿ ಶತಮಾನಗಟ್ಟಲೆ ಕೋಣೆಯಲ್ಲೇ ಉಳಿಯಿತು. ಹೀಬ್ರೂ ಅಕ್ಷರದಲ್ಲಿದ್ದ ಮದುವೆಯ ಕರಾರು, ಸಾಲದ ಚೀಟಿ, ಅಂಗಡಿಯ ಲೆಕ್ಕಗಳೂ ಅದರೊಳಗೇ ಬಿದ್ದವು. 1896–97ರಲ್ಲಿ ಸೊಲೊಮನ್ ಶೆಕ್ಟರ್ ಎಂಬ ವಿದ್ವಾಂಸರು ಅಲ್ಲಿಂದ 1,90,000ಕ್ಕೂ ಹೆಚ್ಚು ತುಣುಕುಗಳನ್ನು ಕೇಂಬ್ರಿಜ್‌ಗೆ ತಂದರು. ಕಾಲಿಗೆ ಕಾಗದ ತಾಗಿದರೆ ಕಣ್ಣಿಗೊತ್ತಿಕೊಳ್ಳುವ ಮನೆಯಲ್ಲಿ ಬೆಳೆದ ನನಗೆ ಈ ಆಚಾರವನ್ನು ಯಾರೂ ಬಿಡಿಸಿ ಹೇಳಬೇಕಾಗಲಿಲ್ಲ.

ವ್ಯಾಪಾರಿಯ ಹೆಸರು ಅಬ್ರಹಾಂ ಬೆನ್ ಯಿಜು. ಹುಟ್ಟೂರು ಇಂದಿನ ಟ್ಯುನೀಷಿಯಾದ ಮಹದಿಯಾ. 1132ರ ಅಕ್ಟೋಬರ್‌ನಲ್ಲಿ ಆತ ಮಂಗಳೂರಿನಲ್ಲಿ ಆಶು ಎಂಬ ದಾಸಿಗೆ ಬಿಡುಗಡೆ ಕೊಟ್ಟು, ಬೆರಾಖಾ ಎಂಬ ಹೀಬ್ರೂ ಹೆಸರಿಟ್ಟ; ಅವಳನ್ನೇ ಮದುವೆಯಾದನೆಂದು ವಿದ್ವಾಂಸರು ತಿಳಿಯುತ್ತಾರೆ. ಅವನದೊಂದು ಕಂಚು–ಹಿತ್ತಾಳೆಯ ಎರಕದ ಕಾರ್ಖಾನೆಯಿತ್ತು. ಯೆಮನ್‌ನ ರೇವುಪಟ್ಟಣ ಏಡನ್‌ನ ಗೆಳೆಯರು ಒಡೆದ ಪಾತ್ರೆಗಳನ್ನು ಕಳುಹಿಸಿ ಹೊಸದನ್ನು ಎರೆಸಿಕೊಳ್ಳುತ್ತಿದ್ದರು. ಇಲ್ಲಿಂದ ಮೆಣಸು, ಅಡಕೆ, ಕಬ್ಬಿಣ ಹೋದರೆ, ಅಲ್ಲಿಂದ ಸಕ್ಕರೆ, ಒಣದ್ರಾಕ್ಷಿಗಳ ಜೊತೆಗೆ ಬರೆಯುವ ಕಾಗದವೂ ಉಡುಗೊರೆಯಾಗಿ ಬರುತ್ತಿತ್ತು. ಸುತ್ತಲಿನವರು ಓಲೆಗರಿಯಲ್ಲಿ ಬರೆಯುತ್ತಿದ್ದ ಊರಿನಲ್ಲಿ ಆತ ಬಂದ ಪತ್ರಗಳ ಬೆನ್ನಿನಲ್ಲೇ ತನ್ನ ಲೆಕ್ಕಗಳನ್ನು ಗೀಚಿಕೊಂಡ. ಭಾಷೆ ಅರಬ್ಬಿ, ಲಿಪಿ ಹೀಬ್ರೂ. ಕೊಂಕಣಿಯನ್ನು ಕನ್ನಡ ಅಕ್ಷರದಲ್ಲಿ ಬರೆಯುವ ಮಂಗಳೂರಿಗರಿಗೆ ಇದೇನೂ ಸೋಜಿಗವಲ್ಲ. ಏಡನ್‌ಗೆ ಸರಕು ಒಯ್ಯುತ್ತಿದ್ದ ಅವನ ಸೇವಕನ ಹೆಸರಿನಲ್ಲಿ ವ್ಯಂಜನಗಳಷ್ಟೇ ಇವೆ. ಅದನ್ನು ಬೊಮ್ಮ ಎಂದು ಓದುತ್ತಾರೆ.

1148ರಲ್ಲಿ ಸಿಸಿಲಿಯ ನಾರ್ಮನ್ನರು ಮಹದಿಯಾವನ್ನು ಹಿಡಿದಾಗ ಬೆನ್ ಯಿಜುವಿನ ಬಂಧುಗಳು ಚದುರಿಹೋದರು. ಮರುವರ್ಷ ಮಕ್ಕಳೊಡನೆ ಏಡನ್ ಸೇರಿದ ಆತ ತಮ್ಮಂದಿರಿಗೆ ಪತ್ರ ಬರೆದ. ಅದರಲ್ಲಿ ಮಕ್ಕಳ ಮಾತಿದೆ, ಆಶುವಿನ ಹೆಸರಿಲ್ಲ. ಮುಂದೆ ಯೆಮನ್‌ನಲ್ಲಿ ಮಗ ತೀರಿಕೊಂಡ. ಉಳಿದ ಮಗಳನ್ನು ಏಡನ್‌ನ ಗೆಳೆಯನೊಬ್ಬ ತನ್ನ ಮನೆಗೆ ಸೊಸೆಯಾಗಿ ಕೇಳಿದರೂ, ತಮ್ಮನ ಮಗನಿಗೇ ಅವಳ ಮೇಲೆ ಹೆಚ್ಚಿನ ಹಕ್ಕು ಎಂದು ಆತ ಒಪ್ಪಲಿಲ್ಲ. ಸಿಸಿಲಿಯಿಂದ ಬಂದ ಆ ತಮ್ಮನ ಮಗ ಪೆರಹ್ಯಾನೊಡನೆ 1156ರಲ್ಲಿ ಫುಸ್ತಾತ್‌ನಲ್ಲಿ, ಎಂದರೆ ಹಳೆಯ ಕೈರೋದಲ್ಲಿ, ಅವಳ ಮದುವೆಯಾಯಿತು.

ನಾನು ಬಹಳ ಹೊತ್ತು ನಿಂತದ್ದು ಇಲ್ಲಿ. ಅಣ್ಣತಮ್ಮಂದಿರ ಮಕ್ಕಳ ನಡುವಿನ ಮದುವೆ ಆ ನಾಡಿನ ಯಹೂದಿಗಳಿಗೆ, ಅರಬರಿಗೆ ಮೊದಲ ಆಯ್ಕೆ. ಚದುರಿದ ಮನೆತನವನ್ನು ಮತ್ತೆ ಕಟ್ಟಲು ಬೆನ್ ಯಿಜುವಿಗೆ ತೋಚಿದ ದಾರಿ ಅದೊಂದೇ. ನಮ್ಮಲ್ಲಾದರೋ ಸೋದರಮಾವನ ಮಗ ಮದುವೆಯ ವರಸೆಗೆ ಸಲ್ಲುತ್ತಾನೆ, ಚಿಕ್ಕಪ್ಪನ ಮಗ ಒಡಹುಟ್ಟಿದವನಿಗೆ ಸಮಾನ. ಆಶು ಈ ಕರಾವಳಿಯ ವರಸೆಯಲ್ಲೇ ಬೆಳೆದಿದ್ದವಳಾದರೆ ಆ ಮದುವೆಯ ಸುದ್ದಿ ಅವಳ ಕಿವಿಗೆ ಹೇಗೆ ಬೀಳುತ್ತಿತ್ತೆಂದು ಯೋಚಿಸದಿರಲು ನನ್ನಿಂದಾಗಲಿಲ್ಲ. ಮದುವೆಯಲ್ಲಿ ಮಗಳಿಗೆ ಕೊಟ್ಟ ಒಡವೆ–ವಸ್ತ್ರಗಳ ಪಟ್ಟಿಯೂ ಉಳಿದಿದೆ. ಅವಳನ್ನು ಕರೆಯುತ್ತಿದ್ದದ್ದು ಸಿತ್ ಅಲ್‌ದಾರ್ ಎಂದು. ಅರಬ್ಬಿಯಲ್ಲಿ ಮನೆಯೊಡತಿ ಎಂದರ್ಥ.